ಫ್ರೀಜರ್‌ನಲ್ಲಿ ಓಟ್ಸ್ ಗಂಜಿ: ಆಗಲ್ಲ ಅಂದವರಿಗೆ

ಗಂಜಿಯನ್ನು ಫ್ರೀಜರ್‌ಗೆ ಹಾಕಿದರೆ ಗೋಂದು ಆಗುತ್ತದೆ ಅಂತ ಹೇಳಿದವರೇ ಜಾಸ್ತಿ. ಈಗ ಅವರೇ ನನ್ನ ಹತ್ತಿರ ಹೆಪ್ಪುಗಟ್ಟಿದ ಗಂಜಿಯ ಬಿಲ್ಲೆ ಕೇಳಿ ಒಯ್ಯುತ್ತಾರೆ.

ಅವಲಕ್ಕಿಯಂತೆ ಚಪ್ಪಟೆಯಾಗಿರುವ ರೋಲ್ಡ್ ಓಟ್ಸ್ ಕೈಕೊಟ್ಟಿತು. ಫ್ರೀಜರ್‌ನಿಂದ ತೆಗೆದು ಬಿಸಿ ಮಾಡಿದರೆ ಬರೀ ಲೋಳೆ. ಸ್ಟೀಲ್ ಕಟ್, ಅಂದರೆ ನುಚ್ಚಿನಂತೆ ಕತ್ತರಿಸಿದ ಓಟ್ಸ್, ತಂದ ಮೇಲೆ ಕಾಳು ಕಾಳಾಗಿ ಉಳಿಯಿತು. 1 ಕಪ್‌ಗೆ ಮೂರೂವರೆ ಕಪ್ ನೀರು, ಚಿಟಿಕೆ ಉಪ್ಪು, ಸಣ್ಣ ಉರಿ. ಪೂರ್ತಿ ಬೇಯಲು ಅರ್ಧ ಗಂಟೆ ಹಿಡಿಯುತ್ತದೆ. ನಾನು 20 ನಿಮಿಷದ ಆಸುಪಾಸಿನಲ್ಲೇ ಇಳಿಸುತ್ತೇನೆ, ಮಿಕ್ಕಿದ್ದು ಬಿಸಿ ಮಾಡುವಾಗ ಬೇಯುತ್ತದೆ. ಹಾಲು ಹಾಕಿ ಬೇಯಿಸಿದ್ದು ಒಡೆದು ತರಿತರಿಯಾಯಿತು. ಹಾಗಾಗಿ ಹಾಲು ಹಾಕುವುದು ತಿನ್ನುವ ದಿನವೇ.

ದುಡ್ಡು ಕರಗಿದ್ದು ಡಬ್ಬಿಗಳಿಗೆ. ಗಾಜಿನ ಜಾಡಿಗಳು ಬಿರುಕು ಬಿಟ್ಟವು. ನೀರು ಹೆಪ್ಪುಗಟ್ಟುವಾಗ ಸುಮಾರು 9% ಹಿಗ್ಗುತ್ತದೆ, ಕಂಠದವರೆಗೆ ತುಂಬಿದರೆ ಇನ್ನೇನಾಗುತ್ತದೆ? ತೆಳು ಪ್ಲಾಸ್ಟಿಕ್ ಡಬ್ಬಿಗಳ ಮುಚ್ಚಳ ಒಡೆದವು. ಜಿಪ್ ಚೀಲದಲ್ಲಿ ಚಪ್ಪಟೆಯಾಗಿ ಇಟ್ಟದ್ದು ಬೇಗ ಕರಗುತ್ತದೆ, ಆದರೆ ಬೆಳಗ್ಗೆ ಒಬ್ಬರಿಗಾಗುವಷ್ಟು ಮುರಿಯುವುದು ತಲೆನೋವು. ಕೊನೆಗೆ ಸಿಲಿಕೋನ್ ಮಫಿನ್ ಅಚ್ಚು, ಪುಟ್ಟ ಕೇಕ್ ಮಾಡುವ ಗುಳಿಗಳಿರುವ ಮೆತ್ತನೆಯ ತಟ್ಟೆ. ಎಲ್ಲಕ್ಕಿಂತ ದುಬಾರಿ, ಆದರೆ ಉಳಿದದ್ದು ಅದೊಂದೇ. ಇನ್‌ಸ್ಟಂಟ್ ಓಟ್ಸ್ ಪ್ಯಾಕೆಟ್ ಕೊಳ್ಳುವುದು ಬಿಟ್ಟದ್ದರಿಂದ ಕೆಲವೇ ತಿಂಗಳಲ್ಲಿ ಅದರ ದುಡ್ಡು ಹುಟ್ಟಿತು.

ಒಲೆಯಿಂದ ಇಳಿಸಿದ ಗಂಜಿಯನ್ನು ಅಗಲದ ತಟ್ಟೆಗೆ ಸುರಿದು ಬೇಗ ಆರಿಸಿ. ಹೊರಗೆ 2 ಗಂಟೆ ದಾಟಬಾರದು. ಅಚ್ಚಿನ ಒಂದೊಂದು ಗುಳಿಗೂ ಅರ್ಧ ಕಪ್ಪಿನಂತೆ ತುಂಬಿ ಫ್ರೀಜರ್‌ನಲ್ಲಿಡಿ, ಕಲ್ಲಾದ ಮೇಲೆ ಬಿಡಿಸಿ ಚೀಲಕ್ಕೆ ಹಾಕಿ, ಗಾಳಿ ಒತ್ತಿ ತೆಗೆಯಿರಿ. ಮೈನಸ್ 18 ಡಿಗ್ರಿಯಲ್ಲಿ ಮೂರು ತಿಂಗಳು ಆರಾಮ.

ಬೆಳಗ್ಗೆ ಎರಡು ಬಿಲ್ಲೆ, ಮೇಲೆ ಮೂರ್ನಾಲ್ಕು ಚಮಚ ಹಾಲು. ಮೈಕ್ರೋವೇವ್‌ನಲ್ಲಿ 2 ನಿಮಿಷ, ಒಡೆದು ಕಲಸಿ ಮತ್ತೊಂದು ನಿಮಿಷ. ನಡುವೆಯೂ ಹಬೆಯಾಡಬೇಕು. ಕಲಸದೇ ಬಿಟ್ಟರೆ ಅಂಚು ಕುದಿಯುತ್ತದೆ, ಒಳಗೆ ಐಸ್ ಇರುತ್ತದೆ. ಬಿಸಿ ಮಾಡಿದ್ದನ್ನು ಮತ್ತೆ ಫ್ರೀಜರ್‌ಗೆ ತಳ್ಳಬೇಡಿ.

ಸುಮ್ನೆ ಕುತೂಹಲಕ್ಕೆ ಬಾಳೆಹಣ್ಣು ಸೇರಿಸಿ ಇಟ್ಟೆ, ಕಪ್ಪಾಯಿತು. ಒಣದ್ರಾಕ್ಷಿ ಮಾತ್ರ ಉಬ್ಬಿ ಮೊದಲಿಗಿಂತ ರುಚಿಯಾಯಿತು. ಚಿಯಾ ಬೀಜ ಹಾಕಿದ್ದು ಚಮಚಕ್ಕೇ ಅಂಟಿಕೊಂಡಿತು. ಬಾರ್ಲಿ ಪರವಾಗಿಲ್ಲ, ಸ್ವಲ್ಪ ಜಗಿಯಬೇಕು.

ಬೇಯಿಸುವ ಮೊದಲು ಓಟ್ಸನ್ನು ಘಮ ಬರುವವರೆಗೆ ಹುರಿಯಿರಿ, ಅಂಟು ಕಡಿಮೆಯಾಗುತ್ತದೆ. ಹುರಿಯುವಾಗ ಬಾಣಲೆಗೆ ಇನ್ನೊಂದು ಸಾಮಾನೂ ಹಾಕುತ್ತೇನೆ. ಅದನ್ನು ಬಿಲ್ಲೆ ಒಯ್ಯುವವರಿಗೂ ಹೇಳಿಲ್ಲ.