ಮದ್ದೂರು ವಡೆಯ ಲೆಕ್ಕದಲ್ಲಿ ಕ್ಯಾರೆಟ್ ಸ್ಕೋನ್

ಸ್ಕೋನ್ ಅಂದರೆ ಬ್ರೆಡ್ಡಿಗೂ ಬಿಸ್ಕತ್ತಿಗೂ ನಡುವಿನಂಥ, ಮೈದಾ-ಬೆಣ್ಣೆಯ ತಿಂಡಿ. ನಾನು ಮೊದಲ ಸಲ ಮಾಡಿದ ಕ್ಯಾರೆಟ್ ಸ್ಕೋನ್ ಮೇಲೆ ಚೆನ್ನಾಗಿ ಕೆಂಪಗಾಗಿತ್ತು. ಮುರಿದರೆ ಒಳಗೆ ಹಸಿ ಹಿಟ್ಟು. ಇನ್ನೂ ಐದು ನಿಮಿಷ ಓವನ್‌ನಲ್ಲಿ ಇಟ್ಟೆ. ತಳ ಸೀದುಹೋಯಿತು, ನಡುಭಾಗ ಹಾಗೇ ಅಂಟಂಟಾಗಿ ಉಳಿಯಿತು. ಎರಡನೇ ಸಲ ಮೈದಾ ಜಾಸ್ತಿ ಹಾಕಿದೆ, ಕಲ್ಲಿನಂತಾಯಿತು.

ಮೂರನೇ ಸಲ ಕ್ಯಾರೆಟ್ ತುರಿಯುತ್ತಿದ್ದಾಗ ನಮ್ಮತ್ತೆ ಪಕ್ಕದಲ್ಲಿ ಕೂತಿದ್ದರು. ಒಂದು ಹಿಡಿ ತುರಿ ತೆಗೆದು ಹಿಂಡಿದರು. ಬೆರಳ ಸಂದಿಯಿಂದ ನೀರು ತೊಟ್ಟಿಕ್ಕಿತು. "ನೋಡವ್ವ, ಈರುಳ್ಳಿ ಹಂಗೇ ಇದೂ ನೀರ್ ಬಿಡ್ತದೆ. ಅದ್ನ ಲೆಕ್ಕ ಹಾಕ್ದೆ ಮೇಲೆ ಇನ್ನೂ ಹುಯ್ದ್ರೆ ಹಿಟ್ಟು ಕೆಡದೆ ಇನ್ನೇನಾದಾತು?" ಅಂದರು.

ಅವರ ತವರು ಮದ್ದೂರಿನ ಕಡೆ. ವಡೆ ಮಾಡುವಾಗ ಹೆಚ್ಚಿದ ಈರುಳ್ಳಿಗೆ ಉಪ್ಪು ಹಾಕಿ ಕಿವುಚುತ್ತಾರೆ. ಅದು ಬಿಟ್ಟ ನೀರು ಹಿಟ್ಟಿಗೆ ಹಿಡಿದ ಮೇಲೆ, ಸಾಲದಿದ್ದರೆ ಮಾತ್ರ ಸ್ವಲ್ಪ ನೀರು ಚಿಮುಕಿಸುತ್ತಾರೆ. ಮಂಡ್ಯದಲ್ಲಿದ್ದುಕೊಂಡು ಇದನ್ನು ನೂರು ಸಲ ನೋಡಿದ್ದೇನೆ. ಆದರೂ ಸ್ಕೋನ್‌ಗೆ ಅದೇ ಲೆಕ್ಕ ಅಂತ ಹೊಳೆದಿರಲಿಲ್ಲ.

ಈಗ ನಾನು ಮಾಡುವುದು ಹೀಗೆ. 100 ಗ್ರಾಂ ಕ್ಯಾರೆಟ್ ತುರಿದು, ಚಿಟಿಕೆ ಉಪ್ಪು, ಒಂದು ಚಮಚ ಸಕ್ಕರೆ ಬೆರೆಸಿ ಹತ್ತು ನಿಮಿಷ ಬಿಡುತ್ತೇನೆ. ಆಮೇಲೆ ಬಟ್ಟೆಯಲ್ಲಿ ಕಟ್ಟಿ ಹಿಂಡುತ್ತೇನೆ. ಆ ನೀರನ್ನು ಚೆಲ್ಲುವುದಿಲ್ಲ, ಸಿಹಿಯೆಲ್ಲ ಅದರಲ್ಲೇ ಇರುತ್ತದೆ. ಅಳತೆ ಲೋಟಕ್ಕೆ ಹಾಕಿ, ಮೇಲೆ ಗಟ್ಟಿ ಮಜ್ಜಿಗೆ ಸುರಿದು ಒಟ್ಟು 120 ಎಂಎಲ್ ಮಾಡಿಕೊಳ್ಳುತ್ತೇನೆ. 250 ಗ್ರಾಂ ಮೈದಾಗೆ ಅಷ್ಟೇ ಸಾಕು. ಸಿಹಿಗುಂಬಳವಾದರೂ, ಬೀಟ್‌ರೂಟ್ ಆದರೂ ಇದೇ ಕ್ರಮ.

ಮೈದಾಗೆ ಮೂರು ಟೀ ಚಮಚ ಬೇಕಿಂಗ್ ಪೌಡರ್, ಕಾಲು ಚಮಚ ಉಪ್ಪು, 30 ಗ್ರಾಂ ಬೆಲ್ಲದ ಪುಡಿ ಸೇರಿಸಿ ಜರಡಿ ಹಿಡಿಯುತ್ತೇನೆ. ಡಬ್ಬಿ ತೆಗೆದು ತುಂಬಾ ದಿನವಾಗಿದ್ದರೆ ಅರ್ಧ ಚಮಚ ಪೌಡರ್ ಅನ್ನು ಬಿಸಿನೀರಿಗೆ ಹಾಕಿ ನೋಡಿ. ಭರ್ರನೆ ನೊರೆ ಬರದಿದ್ದರೆ ಸ್ಕೋನ್ ಉಬ್ಬುವುದಿಲ್ಲ.

ಬೆಣ್ಣೆಯ ವಿಷಯದಲ್ಲಿ ಮಾತ್ರ ವಡೆಯ ದಾರಿ ಬೇರೆ, ಸ್ಕೋನ್ ದಾರಿ ಬೇರೆ. ವಡೆಗೆ ಕಾಯಿಸಿದ ಎಣ್ಣೆಯನ್ನೋ ತುಪ್ಪವನ್ನೋ ಹಿಟ್ಟಿಗೆ ಉಜ್ಜುತ್ತೇವೆ. ಇಲ್ಲಿ ಬೆಣ್ಣೆ ತಣ್ಣಗೆ, ಗಟ್ಟಿಯಾಗೇ ಇರಬೇಕು. ಹಿಟ್ಟಿನೊಳಗೆ ಚೂರುಚೂರಾಗಿ ಉಳಿದ ಬೆಣ್ಣೆ ಓವನ್‌ನಲ್ಲಿ ಕರಗಿದಾಗ, ಅದರಲ್ಲಿರುವ ನೀರು ಆವಿಯಾಗಿ ಸಣ್ಣ ಸಣ್ಣ ಸಂದು ಬಿಡುತ್ತದೆ. ಸ್ಕೋನ್ ಹಗುರವಾಗುವುದಕ್ಕೆ ಅದೂ ಒಂದು ಕಾರಣ. ಏಪ್ರಿಲ್‌ನಲ್ಲಿ ನಮ್ಮ ಅಡುಗೆಮನೆಯಲ್ಲಿ ಬೆಣ್ಣೆ ಕೈಗೆತ್ತಿಕೊಂಡ ಎರಡೇ ನಿಮಿಷಕ್ಕೆ ಮೆತ್ತಗಾಗುತ್ತದೆ. ಅದಕ್ಕೇ 60 ಗ್ರಾಂ ಬೆಣ್ಣೆಯನ್ನು ಹಿಂದಿನ ರಾತ್ರಿಯೇ ಫ್ರೀಜರ್‌ಗೆ ಹಾಕಿ, ಕ್ಯಾರೆಟ್ ತುರಿಯುವ ಮಣೆಯಲ್ಲೇ ಹಿಟ್ಟಿನ ಮೇಲೆ ತುರಿದುಬಿಡುತ್ತೇನೆ. ಬೆರಳ ತುದಿಯಲ್ಲಿ ಒಂದು ನಿಮಿಷ ಉಜ್ಜಿದರೆ ರವೆಯ ಹಾಗೆ ಆಗುತ್ತದೆ. ಮನೆಯಲ್ಲಿ ಕಡೆದ ಬೆಣ್ಣೆಯಲ್ಲಿ ನೀರು ಜಾಸ್ತಿ. ಅದನ್ನು ಬಳಸುವುದಾದರೆ ಮಜ್ಜಿಗೆ ಒಂದು ಚಮಚ ಕಡಿಮೆ ಮಾಡಿ.

ಒಣದ್ರಾಕ್ಷಿ 40 ಗ್ರಾಂ, ಬೀಜ ತೆಗೆದ ಖರ್ಜೂರ ನಾಲ್ಕು. ಒಣದ್ರಾಕ್ಷಿಯನ್ನು ಹಾಗೇ ಹಾಕಿದರೆ ಅದು ಹಿಟ್ಟಿನ ನೀರು ಹೀರುತ್ತದೆ. ಹತ್ತು ನಿಮಿಷ ಬೆಚ್ಚಗಿನ ನೀರಲ್ಲಿ ನೆನೆಸಿ, ಬಟ್ಟೆಯಲ್ಲಿ ಚೆನ್ನಾಗಿ ಒರೆಸಬೇಕು. ಖರ್ಜೂರವನ್ನು ಸಣ್ಣಗೆ ಹೆಚ್ಚಿ ಚೂರು ಮೈದಾದಲ್ಲಿ ಹೊರಳಿಸಿದರೆ ಒಂದಕ್ಕೊಂದು ಅಂಟುವುದಿಲ್ಲ.

ಕ್ಯಾರೆಟ್ಟು, ಹಣ್ಣು ಎಲ್ಲ ಸೇರಿಸಿ, ಮಜ್ಜಿಗೆ ಸುರಿದು, ಚಾಕುವಿನ ಬೆನ್ನಲ್ಲೇ ಕಲಸುತ್ತೇನೆ. ನಾದಬಾರದು. ಚಪಾತಿ ಹಿಟ್ಟು ನಾದಿ ರೂಢಿಯಾದ ಕೈ ಸುಮ್ನೆ ಇರುವುದಿಲ್ಲ, ಅಲ್ವಾ? ನಾದಿದಷ್ಟೂ ಹಿಟ್ಟಿಗೆ ಜಿಗುಟು ಬರುತ್ತದೆ, ಸ್ಕೋನ್ ಗಡುಸಾಗುತ್ತದೆ. ಅಲ್ಲಲ್ಲಿ ಒಣ ಹಿಟ್ಟು ಕಂಡರೂ ಪರವಾಗಿಲ್ಲ. ಮಣೆಯ ಮೇಲೆ ಕೂಡಿಸಿ, ಎರಡೂವರೆ ಸೆಂಟಿಮೀಟರ್ ದಪ್ಪಕ್ಕೆ ಅಂಗೈಯಿಂದ ತಟ್ಟುತ್ತೇನೆ.

ಮೊದಲು ಸ್ಟೀಲ್ ಲೋಟದ ಅಂಚಿನಿಂದ ದುಂಡಗೆ ಕತ್ತರಿಸುತ್ತಿದ್ದೆ. ಲೋಟದ ಅಂಚು ಮೊಂಡು, ಹಿಟ್ಟಿನ ಪಕ್ಕವನ್ನು ಒತ್ತಿ ಮುಚ್ಚಿಬಿಡುತ್ತದೆ. ಆಮೇಲೆ ಅದು ನೆಟ್ಟಗೆ ಮೇಲೇಳುವುದಿಲ್ಲ. ಮಿಕ್ಕ ಚೂರನ್ನು ಮತ್ತೆ ಕೂಡಿಸಿದರೆ ಅದೂ ಗಟ್ಟಿ. ಈಗ ಹರಿತವಾದ ಚಾಕುವಿನಿಂದ ಎಂಟು ತ್ರಿಕೋನ ಮಾಡುತ್ತೇನೆ. ಮೇಲಕ್ಕೆ ಇಣುಕುವ ದ್ರಾಕ್ಷಿಯನ್ನು ಬೆರಳಿಂದ ಒಳಗೆ ತಳ್ಳುತ್ತೇನೆ. ಬಿಟ್ಟರೆ ಸುಟ್ಟು ಕಹಿಯಾಗುತ್ತದೆ.

ನಮ್ಮದು ಚಿಕ್ಕ ಓಟಿಜಿ, ಮೇಜಿನ ಮೇಲಿಡುವ ಕರೆಂಟ್ ಓವನ್. 200 ಡಿಗ್ರಿಗೆ ಹದಿನೈದು ನಿಮಿಷ ಕಾಯಿಸಿ, ನಡುವಿನ ತಟ್ಟೆಯಲ್ಲಿ 16ರಿಂದ 18 ನಿಮಿಷ ಬೇಯಿಸುತ್ತೇನೆ. ಬೆಲ್ಲ ಬೇಗ ಬಣ್ಣ ತಿರುಗುತ್ತದೆ, ಹನ್ನೆರಡನೇ ನಿಮಿಷದಿಂದ ಕಣ್ಣಿಟ್ಟಿರಬೇಕು. ಓವನ್ ಇಲ್ಲದವರೂ ಮಾಡಬಹುದು. ಸ್ಕಾಟ್ಲೆಂಡಿನಲ್ಲಿ ಹಿಂದೆ ಸ್ಕೋನ್ ಬೇಯುತ್ತಿದ್ದದ್ದು ನಮ್ಮ ಕಾವಲಿಯಂಥ ಕಬ್ಬಿಣದ ಹಂಚಿನ ಮೇಲೆಯೇ. ಒಂದೂವರೆ ಸೆಂಟಿಮೀಟರ್ ದಪ್ಪಕ್ಕೆ ತಟ್ಟಿ, ಸಣ್ಣ ಉರಿಯಲ್ಲಿ ಮುಚ್ಚಿ, ಎರಡೂ ಕಡೆ ಬೇಯಿಸಿದರಾಯಿತು.

ಮಾಡಿದ ದಿನವೇ ತಿನ್ನುವುದು ಒಳ್ಳೆಯದು. ಎಂಟೂ ಬೇಡವಾದರೆ ನಾಲ್ಕನ್ನು ಹಸಿಯಾಗೇ ಫ್ರೀಜರ್‌ನಲ್ಲಿಡುತ್ತೇನೆ. ಸಂಜೆ ಯಾರಾದರೂ ಬಂದರೆ ಕರಗಿಸದೆ ನೇರ ಓವನ್‌ಗೆ, ನಾಲ್ಕೈದು ನಿಮಿಷ ಜಾಸ್ತಿ. ಅಷ್ಟರಲ್ಲಿ ಅತ್ತೆ ಕಾಫಿಗೆ ಡಿಕಾಕ್ಷನ್ ಇಳಿಸಿರುತ್ತಾರೆ.