ಕೊಬ್ಬು ತುಂಬಿದ ಲಿವರ್‌ನಿಂದ ಕುಪ್ಫರ್ ಕೋಶ: ಕೊನೆಗೂ ಕೈಗೆ ಸಿಕ್ಕಿದ್ದು ಹೀಗೆ

ಆರೋಗ್ಯವಾಗಿರುವ ಇಲಿಯ ಲಿವರ್‌ನಿಂದ ಕುಪ್ಫರ್ ಕೋಶ (ಲಿವರ್‌ನಲ್ಲೇ ನೆಲೆಸಿ ಕಸ ನುಂಗುವ ರಕ್ಷಣಾ ಕೋಶ) ತೆಗೆಯುವುದು ನಿಮಗೆಲ್ಲ ಗೊತ್ತಿರುವ ಕೆಲಸ. ಕೊಬ್ಬು ತುಂಬಿದ ಲಿವರ್‌ನಿಂದ ತೆಗೆಯುವುದೇ ಬೇರೆ. ನಾನು ಶುರು ಮಾಡಿದಾಗ ನಮ್ಮ ಲ್ಯಾಬಿನ ಹಿರಿಯರೊಬ್ಬರು ನಕ್ಕಿದ್ದರು. "ಆ ಲಿವರ್‌ನಲ್ಲಿ ಕುಪ್ಫರ್ ಕೋಶ ಸತ್ತುಹೋಗಿವೆ ಅಂತ ನೀನು ಹೇಳ್ತೀಯ. ಸತ್ತಿಲ್ಲ ಮಾರಾಯ, ನೀನೇ ದಾರಿಯಲ್ಲಿ ಚೆಲ್ಲಿಕೊಂಡಿದ್ದೀಯ" ಅಂದರು. ಸಿಟ್ಟು ಬಂತು. ಅವರ ಮಾತಲ್ಲಿ ಅರ್ಧ ನಿಜವಿತ್ತು ಅಂತ ಗೊತ್ತಾಗಲು ಎರಡು ವರ್ಷ ಬೇಕಾಯಿತು.

ಕೊಬ್ಬು, ಫ್ರಕ್ಟೋಸ್, ಕೊಲೆಸ್ಟರಾಲ್ ಇರುವ ಆಹಾರ ಹಾಕಿ ಲಿವರ್ ಕೆಡಿಸಲು ಸುಮಾರು ಆರು ತಿಂಗಳು ಬೇಕು. ಅಂದರೆ ಪರ್ಫ್ಯೂಷನ್ (ಕೋಶ ಬಿಡಿಸಲು ರಕ್ತನಾಳದ ಮೂಲಕ ಲಿವರ್‌ಗೆ ದ್ರಾವಣ ಹರಿಸುವುದು) ದಿನ ಒಂದು ಇಲಿ ಕೈಕೊಟ್ಟರೆ ಆರು ತಿಂಗಳ ಮೇವು, ಜಾಗದ ಬಾಡಿಗೆ ಎಲ್ಲಾ ಹೋಯಿತು. ಮೊದಲ ಸಲ ಎಂಟು ಇಲಿ ಹಾಗೇ ಹೋದವು. ಎಂದಿನಂತೆ ಕೋಶಗಳ ಬೆಸುಗೆ ಸಡಿಲಿಸುವ ಇಜಿಟಿಎ, ಆಮೇಲೆ ಅಂಗಾಂಶ ಕರಗಿಸುವ ಎಂಜೈಮ್ ಕೊಲಾಜಿನೇಸ್, ಆಮೇಲೆ ಸೆಂಟ್ರಿಫ್ಯೂಜ್‌ನಲ್ಲಿ 50 ಜಿಯಲ್ಲಿ (ಗುರುತ್ವದ ಐವತ್ತು ಪಟ್ಟು) ಮೂರು ನಿಮಿಷ ತಿರುಗಿಸಿದೆ. ಕುಪ್ಫರ್ ಕೋಶ ಮೇಲಿನ ದ್ರವದಲ್ಲಿ ಉಳಿದು, ಲಿವರ್‌ನ ಮುಖ್ಯ ಕೋಶಗಳಾದ ಹೆಪಟೋಸೈಟ್‌ಗಳು ಕೆಳಗೆ ಕೂರಬೇಕು ಅಲ್ವಾ? ಕೂರಲಿಲ್ಲ. ಹೊಟ್ಟೆ ತುಂಬ ಕೊಬ್ಬು ಇಟ್ಟುಕೊಂಡ ಕೋಶ ಕೂರುವುದು ಹೇಗೆ, ಮೇಲೆ ತೇಲುತ್ತಿದ್ದವು. ಸಾಂದ್ರತೆ ನೋಡಿ ಕೋಶ ಬೇರ್ಪಡಿಸುವ ಪರ್ಕಾಲ್ ದ್ರಾವಣದಲ್ಲೂ ಪದರ ಸರಿಯಾಗಿ ಬರಲಿಲ್ಲ, ಎಲ್ಲಾ ಕಲಸಿದ ಹಾಗೆ. ಒಳ್ಳೆ ಲಿವರ್‌ನಿಂದ ನನಗೆ ಹತ್ತು ಹದಿನೈದು ಲಕ್ಷ ಕೋಶ ಬರುತ್ತಿತ್ತು. ಇದರಲ್ಲಿ ಒಂದು ಲಕ್ಷ ಬಂದರೆ ಹೆಚ್ಚು. ಹೊಳೆಯಲ್ಲಿ ಹುಣಸೆಹಣ್ಣು ಕಿವುಚಿದಂತಾಯಿತು.

ಆಮೇಲೆ ದುಡ್ಡು ಉಳಿಸಲು ಹೋಗಿ ಕೈ ಸುಟ್ಟುಕೊಂಡೆ. ಅಗ್ಗದ, ಸರಿಯಾಗಿ ಶುದ್ಧ ಮಾಡದ ಕೊಲಾಜಿನೇಸ್ ತಂದೆ. ಅದರಲ್ಲಿ ಎಂಡೋಟಾಕ್ಸಿನ್ (ಬ್ಯಾಕ್ಟೀರಿಯಾ ಗೋಡೆಯ ವಿಷ) ಇತ್ತು. ಏನೂ ಹಾಕದ ವೆಲ್‌ನಲ್ಲೂ (ಕೋಶ ಇಡುವ ತಟ್ಟೆಯ ಗುಳಿ) ಉರಿಯೂತದ ಸಂಕೇತವಾದ ಟಿಎನ್‌ಎಫ್ ಏರಿ ಕೂತಿತ್ತು. ಕರುಳಿಂದ ಪೋರ್ಟಲ್ ರಕ್ತದಲ್ಲಿ ಬರುವ ಬ್ಯಾಕ್ಟೀರಿಯಾ ಚೂರನ್ನು ಹಿಡಿಯುವುದೇ ಈ ಕೋಶಗಳ ದಿನದ ಕೆಲಸ, ಅವು ಸುಮ್ನೆ ಇರುತ್ತವಾ? ಎರಡು ತಿಂಗಳ ಅಂಕಿ ಅಂಶ ಕಸದ ಬುಟ್ಟಿಗೆ ಹೋಯಿತು. ಆಮೇಲೆ ನಾಲ್ಕು ಲಾಟ್ (ತಯಾರಿಕೆಯ ಕಂತು) ಸ್ವಲ್ಪ ಸ್ವಲ್ಪ ತರಿಸಿ, ಪರೀಕ್ಷೆ ಮಾಡಿ, ಸರಿಯಾದ ಲಾಟನ್ನು ಒಟ್ಟಿಗೇ ಕೊಂಡೆ. ಆ ವರ್ಷದ ಎಂಜೈಮ್ ದುಡ್ಡಲ್ಲಿ ಅರ್ಧ ಅದಕ್ಕೇ ಖರ್ಚು. ಈಗಲೂ ಬೇಸರವಿಲ್ಲ.

ಪ್ಲಾಸ್ಟಿಕ್‌ಗೆ ಅಂಟಿಸುವ ದಾರಿಯನ್ನೂ ನೋಡಿದೆ. ಅರ್ಧ ಗಂಟೆಯಲ್ಲಿ ಅಂಟುತ್ತವೆ, ನಿಜ. ಆದರೆ ರಕ್ತದಿಂದ ಬಂದ ಬಿಳಿ ಕಣಗಳಾದ ಮೊನೊಸೈಟ್‌ಗಳೂ ಅಂಟುತ್ತವೆ. ಮರುದಿನ ನೋಡಿದರೆ ಇಲಿಯ ಕುಪ್ಫರ್ ಕೋಶದ ಗುರುತಿನ ಪ್ರೋಟೀನ್ ಕ್ಲೆಕ್‌4ಎಫ್ ಮಂಕು. ಪಕ್ಕದ ಎಂಡೋಥೀಲಿಯಲ್ (ರಕ್ತನಾಳದ ಒಳಗೋಡೆಯ), ಸ್ಟೆಲೇಟ್ (ವಿಟಮಿನ್ ಎ ಕೂಡಿಡುವ) ಕೋಶಗಳ ಸಂಕೇತ ನಿಂತ ಕೂಡಲೇ ಇವು ತಾವು ಯಾರು ಅನ್ನುವುದನ್ನೇ ಮರೆಯುತ್ತವೆ. ಹಾಗಾಗಿ ಸಾರ್ಟಿಂಗ್ (ಗುರುತು ನೋಡಿ ಯಂತ್ರದಲ್ಲಿ ಕೋಶ ಆರಿಸುವುದು) ಅದೇ ದಿನ ಮುಗಿಯಬೇಕು.

ಇನ್ನೊಂದು ಮುಜುಗರದ ಕಥೆ. ಟಿಮ್‌4 (ಕುಪ್ಫರ್ ಕೋಶದ ಇನ್ನೊಂದು ಗುರುತು) ಮತ್ತು ಸಿಡಿ31 (ಎಂಡೋಥೀಲಿಯಲ್ ಕೋಶದ ಗುರುತು) ಎರಡೂ ಇರುವ ಒಂದು ಗುಂಪು ಫ್ಲೋದಲ್ಲಿ (ಕೋಶಗಳನ್ನು ಲೇಸರ್ ಮುಂದೆ ಹಾಯಿಸಿ ಗುರುತು ಓದುವ ಯಂತ್ರ) ಚೆನ್ನಾಗಿ ಕಾಣಿಸಿತು. ಹೊಸ ಕೋಶ ಸಿಕ್ಕಿತು ಅಂತ ಒಂದು ವಾರ ಕುಣಿದೆ. ಮೈಕ್ರೋಸ್ಕೋಪ್‌ನಲ್ಲಿ ನೋಡಿದರೆ ಎಂಡೋಥೀಲಿಯಲ್ ಕೋಶಕ್ಕೆ ಕುಪ್ಫರ್ ಕೋಶದ ಹರಿದ ಚೂರು ಅಂಟಿಕೊಂಡಿತ್ತು, ಅಷ್ಟೇ. ಕುಪ್ಫರ್ ಕೋಶಗಳು ಸೈನುಸಾಯ್ಡ್ (ಲಿವರ್‌ನ ಸಣ್ಣ ರಕ್ತನಾಳ) ಗೋಡೆಯನ್ನು ಕೈಚಾಚಿ ಹಿಡಿದಿರುತ್ತವೆ, ಎಳೆದರೆ ಹರಿಯುತ್ತವೆ. ಈ ಗೊಂದಲ ಹಳೆಯದೇ. 1876ರಲ್ಲಿ ಇವನ್ನು ಮೊದಲು ವಿವರಿಸಿದ ಕುಪ್ಫರ್ ಅವರೇ ಮುಂದೆ ಇವು ರಕ್ತನಾಳದ ಗೋಡೆಯ ಕೋಶಗಳೆಂದು ಎಣಿಸಿದ್ದರು. ನಾನೊಬ್ಬನೇ ದಡ್ಡನಲ್ಲ.

ಕೊನೆಗೆ ಕೆಲಸ ಮಾಡಿದ್ದು ಇದು. ಎಂಜೈಮ್ ಅರ್ಧಕ್ಕೆ ಇಳಿಸಿದೆ. ಇಲಿಯ ಮೈಯೊಳಗೆ ನಾಲ್ಕೈದು ನಿಮಿಷ, ಲಿವರ್ ಮೇಲ್ಮೈ ಬಿರುಕು ಬಿಡಲು ಶುರುವಾದ ತಕ್ಷಣ ನಿಲ್ಲಿಸುತ್ತೇನೆ. ಹೊರಗೆ ತೆಗೆದು ಹದಿನೈದು ನಿಮಿಷ ನಿಧಾನವಾಗಿ ಅಲುಗಾಡಿಸುತ್ತೇನೆ. ಬಿಸಿ ಎಂಜೈಮ್‌ನಲ್ಲಿ ಒತ್ತಡಕ್ಕೆ ಎಚ್ಚರಗೊಳ್ಳುವ ಜೀನ್‌ಗಳಾದ ಫಾಸ್, ಜುನ್ ಏರುತ್ತವಲ್ಲ, ಅದಕ್ಕೆ ಬಫರ್‌ನಲ್ಲಿ ಜೀನ್ ಚಾಲೂ ಆಗುವುದನ್ನು ತಡೆಯುವ ಆಕ್ಟಿನೊಮೈಸಿನ್ ಡಿ. ಅಲ್ಲಿಂದ ಮುಂದೆ ಎಲ್ಲಾ ಐಸ್ ಮೇಲೆ. ಪರ್ಕಾಲ್ ಬಿಟ್ಟೆ. ಡಬ್ಲೆಟ್ (ಅಂಟಿಕೊಂಡ ಜೋಡಿ ಕೋಶ) ತೆಗೆದು, ಸಿಡಿ31 ಇರುವುದೆಲ್ಲ ಆಚೆ ಹಾಕಿ, ನುಂಗುವ ಕೋಶಗಳ ಗುರುತಾದ ಎಫ್4/80 ಜಾಸ್ತಿ, ಮೊನೊಸೈಟ್‌ಗಳಲ್ಲಿ ಹೆಚ್ಚಿರುವ ಸಿಡಿ11ಬಿ ಕಡಿಮೆ ಇರುವುದರಲ್ಲಿ ಕ್ಲೆಕ್‌4ಎಫ್ ಮತ್ತು ಟಿಮ್‌4 ನೋಡುತ್ತೇನೆ. ತೇಲುವ ಕೊಬ್ಬಿನ ಪದರದಲ್ಲಿ ಸಿಕ್ಕಿಕೊಂಡ ಕೋಶಗಳನ್ನು ಬಿಡಿಸಲು ಒಂದು ಸಣ್ಣ ಉಪಾಯವಿದೆ. ಅದನ್ನು ಸದ್ಯಕ್ಕೆ ನನ್ನ ಹತ್ತಿರವೇ ಇಟ್ಟುಕೊಳ್ಳುತ್ತೇನೆ. ನಿಮಗೂ ಎರಡು ತಿಂಗಳಲ್ಲಿ ಹೊಳೆಯುತ್ತದೆ.

ಟಿಮ್‌4 ಯಾಕೆ ಅಂತ ಕೇಳಿದವರಿಗಾಗಿ ಮಧ್ಯದಲ್ಲಿ ಒಂದು ಪ್ರಯೋಗ ಮಾಡಿದೆ. ಕುಪ್ಫರ್ ಕೋಶಗಳು ನುಂಗಿ ಸಾಯುವ ಮದ್ದು, ಕ್ಲೋಡ್ರೊನೇಟ್ ಲೈಪೋಸೋಮ್, ಕೊಟ್ಟರೆ ಎರಡು ದಿನದಲ್ಲಿ ಹಳೆಯವು ಖಾಲಿ. ಆ ಜಾಗಕ್ಕೆ ಮೊನೊಸೈಟ್ ಬಂದು ಕೂರುತ್ತವೆ. ಅವು ಕ್ಲೆಕ್‌4ಎಫ್ ಬೇಗ ಹಾಕಿಕೊಳ್ಳುತ್ತವೆ, ಟಿಮ್‌4 ಬರಲು ತುಂಬ ತಡ. ಹಾಗಾಗಿ ಭ್ರೂಣದ ಕಾಲದಿಂದ ಇದ್ದವು ಯಾವುವು, ಹೊಸಬರು ಯಾರು ಅಂತ ಸುಮಾರಾಗಿ ಗೊತ್ತಾಗುತ್ತದೆ. ಕೊಬ್ಬಿನ ಲಿವರ್‌ನಲ್ಲಿ ಟಿಮ್‌4 ಇಲ್ಲದ, ಟ್ರೆಮ್2 ಎಂಬ ಇನ್ನೊಂದು ಗುರುತು ಇರುವ ಹೊಸಬರೇ ಗುಂಪುಗುಂಪಾಗಿ ಕಂಡರು.

ಹಿರಿಯರ ಅನುಮಾನಕ್ಕೆ ಉತ್ತರ ಬೇಕಿತ್ತು. ಪ್ರತಿ ಇಲಿಯಲ್ಲೂ ಎಂಜೈಮ್ ಬಿಡುವ ಮೊದಲು ಒಂದು ಸಣ್ಣ ಹಾಲೆಗೆ ದಾರ ಕಟ್ಟಿ, ಕತ್ತರಿಸಿ, ಸೆಕ್ಷನ್‌ಗೆ (ಮೈಕ್ರೋಸ್ಕೋಪ್‌ನಲ್ಲಿ ನೋಡುವ ತೆಳು ಹೋಳು) ಇಟ್ಟೆ. ಸೆಕ್ಷನ್‌ನಲ್ಲಿ ಟಿಮ್‌4 ಕೋಶ ಎಣಿಸಿದರೆ ಆರೋಗ್ಯದ ಲಿವರ್‌ಗಿಂತ ಅರ್ಧದಷ್ಟು. ಬಿಡಿಸಿ ತೆಗೆದಾಗ, ಆರೋಗ್ಯದ ಲಿವರ್‌ಗೆ ಹೋಲಿಸಿದರೆ, ಹಳೆಯ ವಿಧಾನದಲ್ಲಿ ಹತ್ತನೇ ಒಂದು ಪಾಲೂ ಸಿಗುತ್ತಿರಲಿಲ್ಲ. ಹೊಸದರಲ್ಲಿ ಅರ್ಧಕ್ಕೆ ಸ್ವಲ್ಪ ಕಮ್ಮಿ. ಅಂದರೆ ಕೋಶಗಳು ಸತ್ತಿದ್ದೂ ನಿಜ, ನಾನು ಚೆಲ್ಲಿದ್ದೂ ನಿಜ. ಸ್ಲೈಡ್ ಮತ್ತು ಫ್ಲೋ ಎರಡನ್ನೂ ಅವರ ಮುಂದಿಟ್ಟೆ. ಬಹಳ ಹೊತ್ತು ನೋಡಿ, "ಇನ್ನೂ ಆರು ಇಲಿ ಮಾಡು" ಅಂದರು. ಮಾಡಿದೆ, ಅದೇ ಬಂತು. ಈಗ ಅವರ ವಿದ್ಯಾರ್ಥಿಗಳೇ ನನ್ನ ಹತ್ತಿರ ಕಲಿಯಲು ಬರುತ್ತಾರೆ.

ಮನುಷ್ಯರ ಲಿವರ್‌ಗೆ ಕ್ಲೆಕ್‌4ಎಫ್ ನಂಬಿಕೊಂಡು ಹೋಗಬೇಡಿ, ಇಲಿಯ ಹಾಗೆ ಅಲ್ಲಿ ಗುರುತು ಕೊಡುವುದಿಲ್ಲ. ನನಗೆ ಇದು ಗೊತ್ತಾಗಿದ್ದು ಒಂದು ಪೂರ್ತಿ ಟ್ಯೂಬ್ ಆ್ಯಂಟಿಬಾಡಿ ಖಾಲಿಯಾದ ಮೇಲೆ.