ಶ್ಯಾಂಪೂ ಬಾಟಲಿಯ ಬೆರಳು, ಸಡಿಲ ತಂತಿ: ಟೋನಿ ಐಯೋಮಿಯಿಂದ ನಾನು ಕಲಿತ ಕೆಲಸ

ಕೈಗೆ ಬ್ಯಾಂಡೇಜು ಸುತ್ತಿಕೊಂಡು ಮಲಗಿದ್ದ ನನ್ನನ್ನು ನೋಡಲು ಬಂದವರಲ್ಲಿ ಮೂರು ಜನ ಒಂದೇ ಕಥೆ ಹೇಳಿದರು. ಇಂಗ್ಲೆಂಡಿನಲ್ಲಿ ಒಬ್ಬ ಗಿಟಾರಿಸ್ಟ್ ಇದ್ದಾನಂತೆ, ಅವನಿಗೂ ಫ್ಯಾಕ್ಟರಿಯಲ್ಲೇ ಬೆರಳು ಹೋಯಿತಂತೆ, ಆದರೂ ಬಿಡಲಿಲ್ಲವಂತೆ. ನಾನು ಗಿಟಾರ್ ನುಡಿಸುವ ಆರ್ಕೆಸ್ಟ್ರಾದ ಡ್ರಮ್ಮರ್ ಅಂತೂ "ಮನಸ್ಸು ಮಾಡಿದ್ರೆ ಏನ್ ಬೇಕಾದ್ರೂ ಆಗುತ್ತೆ ಗುರು" ಎಂದು ಎರಡು ಎಳನೀರು ಇಟ್ಟು ಹೋದ. ನನಗೆ ಸಿಟ್ಟು ಬಂತು. ಮನಸ್ಸಿಗೇನೂ ಕೊರತೆ ಇರಲಿಲ್ಲ. ಇಲ್ಲದೇ ಹೋದದ್ದು ಎಡಗೈ ಉಂಗುರ ಬೆರಳಿನ ತುದಿ, ಉಗುರಿನ ಬುಡದವರೆಗೆ. ಜೊತೆಗೆ ನಡುಬೆರಳಿನ ಅರ್ಧ ಉಗುರು. ಆ ಮನುಷ್ಯ ಏನು ಸಾಮಾನು ತಂದ, ಹೇಗೆ ಮಾಡಿದ, ಎಷ್ಟು ದಪ್ಪದ ತಂತಿ ಹಾಕಿದ ಅಂತ ಒಬ್ಬರೂ ಹೇಳಲಿಲ್ಲ.

ಅದು 2011ರ ಡಿಸೆಂಬರ್. ಪೀಣ್ಯದ ಒಂದು ಪ್ರೆಸ್ ಶಾಪಿನಲ್ಲಿ ಫಿಟರ್ ಆಗಿದ್ದೆ. ಪವರ್ ಪ್ರೆಸ್ಸಿನ ಆಪರೇಟರ್ ಬಂದಿರಲಿಲ್ಲ, ಗಾರ್ಡ್ ಬಿಚ್ಚಿಟ್ಟಿತ್ತು, ನಾನು ಕೂತೆ. ಇದರ ಬಗ್ಗೆ ಇದಕ್ಕಿಂತ ಹೆಚ್ಚು ಬರೆಯುವ ಆಸೆ ಇಲ್ಲ.

ಕೈ ಸುಮ್ಮನಿದ್ದಾಗ ಓದಿದೆ. ಅವರು ಹೇಳಿದ ಗಿಟಾರಿಸ್ಟ್ ಟೋನಿ ಐಯೋಮಿ, ಬ್ಲ್ಯಾಕ್ ಸಬ್ಬತ್ ಎಂಬ ರಾಕ್ ಬ್ಯಾಂಡಿನವನು. ಐಯೋಮಿ ಹುಟ್ಟಿದ್ದು 1948ರ ಫೆಬ್ರವರಿ 19ರಂದು, ಬರ್ಮಿಂಗ್‌ಹ್ಯಾಮಿನಲ್ಲಿ. ವಯಸ್ಸಿನಲ್ಲಿ ನಮ್ಮಪ್ಪನ ವಾರಿಗೆಯವನು; ಬಹುವಚನ ಹಚ್ಚಬೇಕು, ಆದರೆ ನನಗೆ ಅವನು ಹದಿನೇಳರ ಹುಡುಗನಾಗಿಯೇ ಪರಿಚಯವಾದದ್ದು, ಹಾಗಾಗಿ ಏಕವಚನವೇ ಬಾಯಿಗೆ ಬರುತ್ತದೆ. ಅವನೂ ತಗಡಿನ ಕಾರ್ಖಾನೆಯಲ್ಲಿ ವೆಲ್ಡರ್. ಒಂದು ಬ್ಯಾಂಡಿನ ಜೊತೆ ಜರ್ಮನಿಗೆ ಹೋಗುವುದೆಂದು ಗೊತ್ತಾಗಿತ್ತು, ಅವತ್ತು ಕೆಲಸದ ಕೊನೆಯ ದಿನ. ಮಧ್ಯಾಹ್ನ ಊಟಕ್ಕೆ ಮನೆಗೆ ಬಂದವನು ಇನ್ನು ಹೋಗಲ್ಲ ಎಂದನಂತೆ. ಹಿಡಿದ ಕೆಲಸ ಸರಿಯಾಗಿ ಮುಗಿಸಿ ಬಾ ಎಂದು ತಾಯಿ ಕಳಿಸಿದಳು. ನಮ್ಮಮ್ಮನೂ ಅದನ್ನೇ ಹೇಳುತ್ತಿದ್ದಳು. ಬರಬೇಕಾದವರು ಬಾರದೆ ಆ ದಿನ ಅವನನ್ನು ಪ್ರೆಸ್ಸಿಗೆ ಕೂರಿಸಿದ್ದರು. ಬಲಗೈಯ ನಡುಬೆರಳು, ಉಂಗುರ ಬೆರಳುಗಳ ತುದಿ ಹೋಯಿತು. ಅವನು ಎಡಚ, ಎಡಗೈಯಲ್ಲಿ ಮೀಟಿ ಬಲಗೈಯಲ್ಲಿ ತಂತಿ ಒತ್ತುವವನು. ಅಂದರೆ ನನ್ನ ಹಾಗೆಯೇ, ಒತ್ತುವ ಕೈಗೇ ಪೆಟ್ಟು.

ವೈದ್ಯರು ಇನ್ನು ಗಿಟಾರ್ ಮರೆತುಬಿಡು ಎಂದರು. ಕಾರ್ಖಾನೆಯ ಫೋರ್‌ಮನ್ ಮಾತ್ರ ಒಂದು ರೆಕಾರ್ಡ್ ಕೇಳಿಸಿದ. ಬಾರಿಸಿದವನು ಜಾಂಗೋ ರೈನ್‌ಹಾರ್ಟ್. 1928ರಲ್ಲಿ ಅವನ ವಾಸದ ಗಾಡಿಗೆ ಬೆಂಕಿ ಬಿದ್ದು ಎಡಗೈಯ ಎರಡು ಬೆರಳು ಕೆಲಸಕ್ಕೆ ಬಾರದಂತಾದ ಮೇಲೆ ಉಳಿದ ಎರಡರಲ್ಲೇ ಜಾಜ್ ನುಡಿಸಿದವನು. ಆ ಫೋರ್‌ಮನ್ ಮೇಲೆ ನನಗೆ ಬಹಳ ಗೌರವ. ಉಪದೇಶ ಮಾಡಲಿಲ್ಲ, ರೆಕಾರ್ಡ್ ಹಾಕಿದ, ಅಷ್ಟೇ.

ಐಯೋಮಿ ಪಾತ್ರೆ ತೊಳೆಯುವ ಲಿಕ್ವಿಡ್ಡಿನ ಪ್ಲಾಸ್ಟಿಕ್ ಬಾಟಲಿ ಕರಗಿಸಿ ಉಂಡೆ ಮಾಡಿದ. ಕಾದ ಸೋಲ್ಡರಿಂಗ್ ಐರನ್ನಿನಿಂದ ಅದಕ್ಕೆ ಬೆರಳು ಹೋಗುವಷ್ಟು ತೂತು ಕೊರೆದ. ತೊಟ್ಟು ನೋಡಿ, ಉಜ್ಜಿ, ಬೆರಳಿನ ಆಕಾರಕ್ಕೆ ತಂದ. ಬರೀ ಪ್ಲಾಸ್ಟಿಕ್ ತಂತಿಯ ಮೇಲೆ ಜಾರುತ್ತಿತ್ತು, ಅದಕ್ಕೆ ಹಳೆಯ ಜಾಕೆಟ್ಟಿನ ಚರ್ಮ ಕತ್ತರಿಸಿ ಅಂಟಿಸಿದ. ಇಷ್ಟು ಓದಿದ ಮೇಲೆ ನನಗೆ ಧೈರ್ಯ ಬಂತು. ಇದು ನಮ್ಮ ಟೂಲ್‌ರೂಮ್ ಕೆಲಸ.

ಗಾಯ ಪೂರ್ತಿ ಮಾಗುವವರೆಗೆ ಕಾದೆ, ಆರು ತಿಂಗಳು. ಕಾಯದೆ ಒಮ್ಮೆ ಬರಿಬೆರಳಿನಿಂದ ಒತ್ತಿ ನೋಡಿದ್ದೆ, ಕಣ್ಣಲ್ಲಿ ನೀರು ಬಂತು; ಕಾಯುವುದೇ ವಾಸಿ. ಮೊದಲು ದರ್ಜಿಗಳು ಹೊಲಿಯುವಾಗ ಬೆರಳಿಗೆ ಹಾಕಿಕೊಳ್ಳುವ ಲೋಹದ ಟೋಪಿ ತಂದೆ. ದಂಡ. ಲೋಹಕ್ಕೆ ಲೋಹ ತಾಗಿ ಕಿರ್ ಎನ್ನುತ್ತದೆ, ಸ್ವರ ನಿಲ್ಲುವುದಿಲ್ಲ. ಆಮೇಲೆ ಶ್ಯಾಂಪೂ ಬಾಟಲಿ ಹಿಡಿದೆ. ಅಡುಗೆಮನೆಯ ಕಿಟಕಿ ಪಕ್ಕ ಕೂತು ಕರಗಿಸಿದರೆ ಮನೆಯೆಲ್ಲ ಸುಟ್ಟ ವಾಸನೆ. "ಇದೇನೋ ಮಾರಾಯ, ಅನ್ನ ತಿನ್ನೋ ಮನೇನಾ ಇದು?" ಎಂದು ಅಮ್ಮ ಮಹಡಿಗೆ ಅಟ್ಟಿದಳು. ಅಟ್ಟಿದ್ದು ಒಳ್ಳೆಯದೇ, ಆ ಹೊಗೆ ಕುಡಿಯಬಾರದು, ಬಯಲಲ್ಲೇ ಮಾಡಬೇಕು.

ಮೊದಲ ಉಂಡೆ ಬೆರಳಿಗೆ ಚೆನ್ನಾಗಿ ಕೂತಿತು, ಗಿಟಾರಿಗೆ ಕೂರಲಿಲ್ಲ. ವರ್ನಿಯರ್ ಇಟ್ಟು ಅಳತೆ ನೋಡಿದೆ: ಟೋಪಿಯ ಅಗಲ ಹದಿನಾಲ್ಕು ಮಿಲಿಮೀಟರ್, ಮೇಲ್ತುದಿಯಲ್ಲಿ ತಂತಿಯಿಂದ ತಂತಿಗೆ ಇರುವ ಜಾಗ ಸುಮಾರು ಏಳು. ಮಾಂಸದ ಬೆರಳು ಒತ್ತಿದಾಗ ಅದುಮಿಕೊಂಡು ದಾರಿ ಬಿಡುತ್ತದೆ, ಪ್ಲಾಸ್ಟಿಕ್ ಬಿಡುವುದಿಲ್ಲ. ಪಕ್ಕದ ತಂತಿಯ ಬಾಯಿ ಮುಚ್ಚಿಸಿಬಿಡುತ್ತದೆ. ಹಾಗಾಗಿ ಎರಡೂ ಬದಿ ಅರದಿಂದ ಚಪ್ಪಟೆ ಮಾಡಿ, ತಂತಿ ತಾಗುವ ಮೂತಿಯನ್ನು ಕಿರಿದಾಗಿಸಿ, ಎಮರಿ ಕಾಗದದಲ್ಲಿ ಉಜ್ಜಿದೆ. ಜಾಸ್ತಿ ಉಜ್ಜಿ ಒಂದು ತೂತಾಯಿತು, ಒಂದು ಸೀಳಿತು. ಸರಿಯಾಗಿ ಕೂತದ್ದು ನಾಲ್ಕನೆಯದು.

ಚರ್ಮದ ವಿಷಯ ಅದಕ್ಕಿಂತ ನಾಜೂಕು. ಬಸ್ ಸ್ಟ್ಯಾಂಡ್ ಹತ್ತಿರ ಚಪ್ಪಲಿ ಹೊಲಿಯುವ ಅಣ್ಣ ಮೊದಲು ಅಟ್ಟೆಯ ದಪ್ಪ ಚರ್ಮ ಕೊಟ್ಟರು. ಅದು ತಂತಿಯ ಮೇಲೆ ಮರದ ತುಂಡಿನಂತೆ ಕೂತಿತು. ಆಮೇಲೆ ಒಳಪದರಕ್ಕೆ ಹಾಕುವ ತೆಳು ಆಡಿನ ಚರ್ಮ ಕೊಟ್ಟರು. ಅದು ಮೆತ್ತಗಿದ್ದು ತಂತಿ ಅದರೊಳಗೇ ಹೂತು ಹಿಡಿದುಕೊಳ್ಳುತ್ತಿತ್ತು, ಬೆರಳು ಸರಿಸಲು ಆಗುತ್ತಿರಲಿಲ್ಲ. ಐಯೋಮಿಗೂ ಇದೇ ಪಾಡು, ಚರ್ಮ ಹೊಳೆಯುವವರೆಗೆ ಕೂತು ಉಜ್ಜಿದ್ದನಂತೆ. ನಾನು ಮೋಂಬತ್ತಿ ಸವರಿ ಚಮಚದ ಬೆನ್ನಿನಿಂದ ಮೂರು ಸಂಜೆ ಟಿವಿ ನೋಡುತ್ತ ತೀಡಿದೆ. ಅಂಟಿಗೆ ಅದೇ ಚಪ್ಪಲಿ ಸೊಲ್ಯೂಷನ್. ಬೆರಳಿನಿಂದ ಜಾರದಿರಲು ಒಂದು ಸುತ್ತು ಪ್ಲಾಸ್ಟರ್ ಟೇಪ್.

ಟೋಪಿ ಸಿದ್ಧವಾದರೂ ಕೈ ಸೋಲುತ್ತಿತ್ತು. ಟೋಪಿಯೊಳಗಿನ ಬೆರಳಿಗೆ ತಂತಿಯ ಸ್ಪರ್ಶ ಗೊತ್ತಾಗುವುದಿಲ್ಲ. ಎಷ್ಟು ಒತ್ತಿದೆ ಎಂದು ಕಿವಿಯೇ ಹೇಳಬೇಕು. ಅನುಮಾನಕ್ಕೆ ಜಾಸ್ತಿ ಒತ್ತುತ್ತೇವೆ, ಮೊಂಡು ತುದಿ ಉರಿಯುತ್ತದೆ. ಆಗ ಐಯೋಮಿಯ ಎರಡನೆಯ ಉಪಾಯಕ್ಕೆ ಬಂದೆ. ಆಗಿನ ಇಂಗ್ಲೆಂಡಿನಲ್ಲಿ ತೆಳು ತಂತಿಯ ಸೆಟ್ ಸಿಗುತ್ತಿರಲಿಲ್ಲ. ಅವನು ತೆಳು ತಂತಿಗಳ ಜಾಗಕ್ಕೆ ಬ್ಯಾಂಜೊ ತಂತಿ ಹಾಕಿ, ಗಿಟಾರಿನ ತಂತಿಗಳನ್ನು ಕೆಳಕೆಳಗಿನ ಜಾಗಕ್ಕೆ ಸರಿಸಿದ. ತೆಳು ಸೆಟ್ ಮಾಡಿಕೊಡಿ ಎಂದು ಕೇಳಿದರೆ ಯಾರು ಕೊಳ್ಳುತ್ತಾರೆ ಎಂದು ತಂತಿ ತಯಾರಕರು ಮೊದಲು ನಿರಾಕರಿಸಿದರಂತೆ. ನನಗೆ ಆ ಕಷ್ಟ ಇರಲಿಲ್ಲ, ಅಂಗಡಿಯಲ್ಲಿ ಎಂಟು ಥೌ ಸೆಟ್ ಸಿಕ್ಕಿತು. ನಮ್ಮ ಶಾಪಿನ ಭಾಷೆಯಲ್ಲಿ ಥೌ ಎಂದರೆ ಇಂಚಿನ ಸಾವಿರದಲ್ಲೊಂದು ಭಾಗ. ಗಿಟಾರ್ ತಂತಿಗೂ ಅದೇ ಅಳತೆ ಎಂದು ನನಗೆ ಅಲ್ಲಿಯವರೆಗೆ ಹೊಳೆದೇ ಇರಲಿಲ್ಲ.

ಮೂರನೆಯದು ಶ್ರುತಿ ಇಳಿಸುವುದು. 1971ರ ಮಾಸ್ಟರ್ ಆಫ್ ರಿಯಾಲಿಟಿ ಆಲ್ಬಮ್ಮಿನ ಹಲವು ಹಾಡುಗಳಿಗೆ ಐಯೋಮಿ ಮೂರು ಸ್ವರಸ್ಥಾನ ಇಳಿಸಿದ. ಲೆಕ್ಕ ಮಾಡಿ ನೋಡಿ: ಒಂದೇ ತಂತಿಯ ಬಿಗಿತ ಅದರ ಕಂಪನದ ವರ್ಗಕ್ಕೆ ತಕ್ಕಂತೆ ಏರಿಳಿಯುತ್ತದೆ. ಮೂರು ಸ್ವರಸ್ಥಾನ ಇಳಿದರೆ ಕಂಪನ 84 ಪ್ರತಿಶತಕ್ಕೆ ಬರುತ್ತದೆ, ಬಿಗಿತ 71ಕ್ಕೆ. ಒಂಬತ್ತು ಥೌ ಬಿಟ್ಟು ಎಂಟು ಹಾಕಿದ್ದರಿಂದ ಇನ್ನೊಂದು ಐದನೇ ಒಂದು ಭಾಗ ಕಮ್ಮಿ. ಎರಡೂ ಸೇರಿ ನನ್ನ ತೆಳು ತಂತಿಯ ಬಿಗಿತ ಮೊದಲಿನ 56 ಪ್ರತಿಶತಕ್ಕೆ ಇಳಿಯಿತು. ಬೆರಳಿಗೆ ಅಂಗಿ ಬಿಚ್ಚಿದಷ್ಟು ಹಗುರ. ಸಡಿಲ ತಂತಿ ಫ್ರೆಟ್ಟಿಗೆ, ಅಂದರೆ ಗಿಟಾರಿನ ಕತ್ತಿನ ಮೇಲಿನ ಲೋಹದ ಅಡ್ಡಪಟ್ಟಿಗೆ, ತಾಗಿ ಜುಯ್ ಎನ್ನುತ್ತದೆ; ತಂತಿಗಳನ್ನು ಹೊರುವ ಬ್ರಿಡ್ಜ್ ಸ್ವಲ್ಪ ಎತ್ತಬೇಕು. ಜೋರಾಗಿ ಮೀಟಿದರೆ ಸ್ವರ ಮೇಲಕ್ಕೆ ಹಾರುತ್ತದೆ. ಮೀಟುವ ಕೈಯೂ ಮೆತ್ತಗಾಗಬೇಕು. ಇದಕ್ಕೆ ನನಗೆ ಒಂದು ವರ್ಷ ಹಿಡಿಯಿತು.

ಆದರೆ ಆರ್ಕೆಸ್ಟ್ರಾದಲ್ಲಿ ಕೀಬೋರ್ಡಿನವನು ನನಗಾಗಿ ಶ್ರುತಿ ಇಳಿಸುತ್ತಾನೆಯೇ? ಇದಕ್ಕೆ ಐಯೋಮಿಯಲ್ಲಿ ಉತ್ತರ ಸಿಗಲಿಲ್ಲ, ನಾನೇ ಕಂಡುಕೊಂಡೆ: ಇಳಿಸಿದ ಗಿಟಾರಿಗೆ ಮೂರನೇ ಫ್ರೆಟ್ಟಿನಲ್ಲಿ ಕ್ಯಾಪೊ, ಅಂದರೆ ಎಲ್ಲ ತಂತಿಗಳನ್ನೂ ಒಟ್ಟಿಗೆ ಒತ್ತಿ ಹಿಡಿಯುವ ಕ್ಲಿಪ್ಪು, ಹಾಕಿ. ಸ್ವರ ಮಾಮೂಲಿ ಜಾಗಕ್ಕೆ ಬರುತ್ತದೆ, ತಂತಿಯ ಬಿಗಿತ ಮಾತ್ರ ಇಳಿಸಿದ್ದೇ ಉಳಿಯುತ್ತದೆ. ಮೇಲಿನ ಮೂರು ಮನೆ ಕೈತಪ್ಪುತ್ತವೆ, ಹೋಗಲಿ.

ಒಂದು ಮಾತು. ಬೆರಳು ಹೋಗಿದ್ದಕ್ಕೇ ಶ್ರುತಿ ಇಳಿಯಿತು, ಶ್ರುತಿ ಇಳಿದದ್ದಕ್ಕೇ ಹೆವಿ ಮೆಟಲ್ ಎಂಬ ಭಾರಿ ಸದ್ದಿನ ರಾಕ್ ಸಂಗೀತ ಹುಟ್ಟಿತು ಎಂದು ಹೇಳುವವರಿದ್ದಾರೆ. ಕೇಳಲು ಚೆಂದ. ಆದರೆ 1969ರ ಅಕ್ಟೋಬರಿನಲ್ಲಿ ಸುಮಾರು ಒಂದೇ ದಿನದಲ್ಲಿ ರೆಕಾರ್ಡ್ ಮಾಡಿ, 1970ರ ಫೆಬ್ರವರಿ 13ರಂದು ಬಿಡುಗಡೆ ಮಾಡಿದ ಬ್ಲ್ಯಾಕ್ ಸಬ್ಬತ್‌ನ ಮೊದಲ ಆಲ್ಬಂ ಮಾಮೂಲಿ ಶ್ರುತಿಯಲ್ಲೇ ಇದೆ. ಅದರ ಶೀರ್ಷಿಕೆ ಹಾಡಿನ ಭಾರ ಬೇರೆ ಕಡೆಯದು: ಷಡ್ಜ, ಮೇಲಿನ ಷಡ್ಜ, ಆಮೇಲೆ ನಡುವೆ ಬಂದು ನಿಲ್ಲುವ ಪ್ರತಿಮಧ್ಯಮ. ಪಾಶ್ಚಾತ್ಯರು ಸೈತಾನನಿಗೆ ಗಂಟು ಹಾಕಿದ ಅಂತರ ಅದು. ನಾನು ಅಭ್ಯಾಸ ಮಾಡುತ್ತಿದ್ದಾಗ ಸಂಗೀತ ಪಾಠ ಹೇಳುವ ನಮ್ಮ ಸೋದರತ್ತೆ ಬಾಗಿಲಲ್ಲಿ ನಿಂತು ಕೇಳಿದರು. "ಇದು ಪ್ರತಿಮಧ್ಯಮ ಅಲ್ವೇನೋ? ಎಪ್ಪತ್ತೆರಡು ಮೇಳದಲ್ಲಿ ಮೂವತ್ತಾರಕ್ಕೆ ಇದೆ. ಕಲ್ಯಾಣೀಲಿ ದಿನಾ ಹಾಡ್ತೀವಿ, ಹೆದರೋದು ಏನಿದೆ ಇದರಲ್ಲಿ?" ನಾನು ವಾಲ್ಯೂಮ್ ಏರಿಸಿ, ನಿಧಾನವಾಗಿ, ಆ ಮಧ್ಯಮವನ್ನು ನಡುಗಿಸಿ ತೋರಿಸಿದೆ. ಅತ್ತೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ಅಕ್ಕಪಕ್ಕ ಗಾಂಧಾರ, ಪಂಚಮ ಇಲ್ಲ. ಪಾಪ, ಒಂಟಿಯಾಗಿ ನಿಲ್ಲಿಸಿಬಿಟ್ಟಿದಾನೆ" ಎಂದರು. ಆ ಹಾಡಿನ ಬಗ್ಗೆ ಇದಕ್ಕಿಂತ ಒಳ್ಳೆಯ ವಿಮರ್ಶೆ ನಾನು ಓದಿಲ್ಲ.

ಅಪಘಾತದ ನಂತರ ನಾನು ಮತ್ತೆ ವೇದಿಕೆ ಹತ್ತಿದ್ದು 2013ರ ಗಣೇಶೋತ್ಸವಕ್ಕೆ. ಮೂರನೇ ಹಾಡಿಗೆ ಕೈ ಬೆವರಿತು, ಟೇಪು ಬಿಟ್ಟಿತು. ತಂತಿ ಎಳೆದ ರಭಸಕ್ಕೆ ಉಂಗುರ ಬೆರಳಿನ ಟೋಪಿ ಚಿಮ್ಮಿ ಜನರ ನಡುವೆ ಬಿತ್ತು. ತೋರುಬೆರಳು, ಕಿರುಬೆರಳಿನಲ್ಲೇ ಹಾಡು ಮುಗಿಸಿದೆ. ಮುಂದಿನ ಸಾಲಿನ ಒಂದು ಮಗು ಅದನ್ನು ಎತ್ತಿಕೊಂಡು ತನ್ನ ಬೆರಳಿಗೆ ತೊಟ್ಟು ಅಮ್ಮನಿಗೆ ತೋರಿಸುತ್ತಿತ್ತು. ವಾಪಸ್ ಕೇಳಲು ನಾಚಿಕೆಯಾಗಿ ಡ್ರಮ್ಮರನ್ನು ಕಳಿಸಿದೆ. ಅಂದಿನಿಂದ ಜೇಬಲ್ಲಿ ಯಾವಾಗಲೂ ಎರಡು ಹೆಚ್ಚುವರಿ ಟೋಪಿ.

ಐಯೋಮಿಯ ಉಳಿದ ಕಥೆ ಉದ್ದ. ಹಾಡುಗಾರರಲ್ಲಿ ಆಜಿ ಆಸ್ಬರ್ನ್ ಹೋದ, ರಾನಿ ಜೇಮ್ಸ್ ಡಿಯೊ ಬಂದ, ಇಯಾನ್ ಗಿಲ್ಲನ್ ಬಂದ, ಟೋನಿ ಮಾರ್ಟಿನ್ ಬಂದ; ಬ್ಯಾಂಡಿನ ಎಲ್ಲ ಸ್ಟುಡಿಯೊ ಆಲ್ಬಮ್ಮುಗಳಲ್ಲೂ ಇದ್ದವನು ಇವನೊಬ್ಬನೇ. 2012ರ ಜನವರಿಯಲ್ಲಿ, ನನ್ನ ಕೈಯ ಹೊಲಿಗೆ ಆಗಷ್ಟೇ ಬಿಚ್ಚಿದ್ದಾಗ, ಅವನಿಗೆ ಲಿಂಫೋಮಾ ಎಂಬ ಕ್ಯಾನ್ಸರ್ ಆಗಿದೆ ಎಂಬ ಸುದ್ದಿ ಬಂತು. ಚಿಕಿತ್ಸೆಯ ನಡುವೆಯೇ ಮಾಡಿದ 13 ಎಂಬ ಆಲ್ಬಂ 2013ರಲ್ಲಿ ಇಂಗ್ಲೆಂಡಿನಲ್ಲೂ ಅಮೆರಿಕದಲ್ಲೂ ಮೊದಲ ಸ್ಥಾನಕ್ಕೇರಿತು. 2017ರ ಫೆಬ್ರವರಿ 4ರಂದು ಬರ್ಮಿಂಗ್‌ಹ್ಯಾಮಿನಲ್ಲೇ ಪ್ರವಾಸ ಮುಗಿಸಿದರು. 2025ರ ಜುಲೈ 5ರಂದು ಅದೇ ಊರಿನ ವಿಲ್ಲಾ ಪಾರ್ಕ್ ಫುಟ್‌ಬಾಲ್ ಮೈದಾನದಲ್ಲಿ ಮೊದಲಿನ ನಾಲ್ವರೂ ಮತ್ತೆ ಸೇರಿದರು. ಆಜಿ ಸಿಂಹಾಸನದಂಥ ಕುರ್ಚಿಯಲ್ಲಿ ಕೂತೇ ಹಾಡಿದ. ಹದಿನೇಳು ದಿನಕ್ಕೆ ತೀರಿಕೊಂಡ. ಆ ವಿಡಿಯೊ ನೋಡುವಾಗ ಎಲ್ಲರ ಕಣ್ಣು ಆಜಿಯ ಮುಖದ ಮೇಲೆ. ನಾನು ಮಾತ್ರ ಐಯೋಮಿಯ ಬಲಗೈ ತೋರಿಸಿದಲ್ಲೆಲ್ಲ ನಿಲ್ಲಿಸಿ ನಿಲ್ಲಿಸಿ ನೋಡಿದೆ.

ನನ್ನ ಈಗಿನ ಟೋಪಿ ಹನ್ನೊಂದನೆಯದು. ಪ್ಲಾಸ್ಟಿಕ್ ವರ್ಷಗಟ್ಟಲೆ ಬಾಳುತ್ತದೆ, ಚರ್ಮ ಮಾತ್ರ ಎರಡು ತಿಂಗಳಿಗೆ ಸವೆದು ತಂತಿಯ ಗೆರೆ ಬೀಳುತ್ತದೆ. ಬಸ್ ಸ್ಟ್ಯಾಂಡಿನ ಅಣ್ಣ ಈಗ ಏನೂ ಕೇಳುವುದಿಲ್ಲ. ನಾನು ಗಾಡಿ ನಿಲ್ಲಿಸುವಷ್ಟರಲ್ಲಿ ಆಡಿನ ಚರ್ಮದ ಎರಡು ತುಂಡು, ಒಂದು ದೊಡ್ಡದು, ಒಂದು ಚಿಕ್ಕದು, ಕತ್ತರಿಸಿಟ್ಟಿರುತ್ತಾರೆ.